ಅರ್ಧ ಸ್ವರದ ಹೊಟ್ಟೆಕಿಚ್ಚು

ಪ್ಯಾರಿಸ್
೮ ಮಾರ್ಚ್ ೧೯೮೮

ಪ್ರೀತಿಯ ಅಕ್ಕ,

ಫೋನು ಮಾಡಿದರೆ ನೀನು ಎತ್ತುವುದಿಲ್ಲ. ಎತ್ತಿದರೂ "ಪಾಠ ನಡೀತಿದೆ, ಆಮೇಲ್ ಮಾಡು" ಎಂದು ಇಟ್ಟುಬಿಡುತ್ತೀ. ಅದಕ್ಕೇ ಈ ಕಾಗದ. ಅಮ್ಮನನ್ನು ಮಣ್ಣು ಮಾಡಿ ಬಂದ ಮೇಲೆ ನಾನು ನಿನಗೆ ಬರೆಯುತ್ತಿರುವ ಮೊದಲ ಕಾಗದ ಇದು, ಅಂದರೆ ನಾಲ್ಕು ವರ್ಷ. ತಪ್ಪು ನನ್ನದೇ ಎಂದು ಮೊದಲೇ ಒಪ್ಪಿಕೊಂಡುಬಿಡುತ್ತೇನೆ. ಬಯ್ಯುವ ಶ್ರಮ ನಿನಗೆ ಉಳಿಯಲಿ.

ವಿಷಯ ಇದು. ಜೂನ್ ಹದಿನೇಳರಂದು ಇಲ್ಲಿನ ಒಂದು ದೊಡ್ಡ ಸಭಾಂಗಣದಲ್ಲಿ ಬರೀ ನನ್ನ ಸಂಗೀತದ ಕಾರ್ಯಕ್ರಮ ಇಟ್ಟುಕೊಂಡಿದ್ದಾರೆ. ಸಿನಿಮಾಕ್ಕೆ ಬರೆದದ್ದು, ಟೀವಿಗೆ ಬರೆದದ್ದು, ಎಲ್ಲವೂ. ಅರವತ್ತು ಜನರ ವಾದ್ಯವೃಂದ. ಪರದೆ ಇಲ್ಲ, ಚಿತ್ರ ಇಲ್ಲ. ಇಪ್ಪತ್ತೆರಡು ವರ್ಷ ನಟರ ಮಾತಿನ ಕೆಳಗೆ, ಬಾಗಿಲು ಬಡಿಯುವ ಸದ್ದಿನ ಕೆಳಗೆ, ಕಾರು ಓಡುವ ಸದ್ದಿನ ಕೆಳಗೆ ಬಿದ್ದುಕೊಂಡಿದ್ದ ಸಂಗೀತವನ್ನು ಜನ ಸುಮ್ಮನೆ ಕೂತು ಕೇಳುತ್ತಾರಂತೆ. ನನಗಿನ್ನೂ ನಂಬಿಕೆ ಬಂದಿಲ್ಲ.

ಮೊದಲು ನುಡಿಸಬೇಕಾದದ್ದು "ವಾಸ್ಲೇನ್ ಮನೆಯ ಕಿಟಕಿ" ಧಾರಾವಾಹಿಯ ಶೀರ್ಷಿಕೆ ಸಂಗೀತ. ಅದಿಲ್ಲದೆ ಜನ ಬಿಡುವುದಿಲ್ಲ. ಆದರೆ ಅದರ ಸ್ವರಲಿಪಿ ಈಗ ಇಲ್ಲವೇ ಇಲ್ಲ. ನಿರ್ಮಾಪಕರ ನೆಲಮಾಳಿಗೆಗೆ ನೀರು ನುಗ್ಗಿ ಮೂಲವೂ ಹೋಯಿತು, ವಾದಕರ ಪ್ರತಿಗಳೂ ಹೋದವು. ನನ್ನ ಬಳಿ ಉಳಿದಿರುವುದು ಪೆನ್ಸಿಲಿನ ಕರಡು ಮಾತ್ರ. ಅದನ್ನೂ, ಧಾರಾವಾಹಿಯ ಧ್ವನಿಮುದ್ರಿಕೆಯ ಕ್ಯಾಸೆಟ್ಟನ್ನೂ ಇದರ ಜೊತೆ ಕಳಿಸಿದ್ದೇನೆ. ಅರವತ್ತಾರರಲ್ಲಿ ಪ್ರತಿಗಳನ್ನು ಬರೆದವಳು ನೀನು. ಮತ್ತೊಮ್ಮೆ ಬರೆದುಕೊಡುತ್ತೀಯಾ? ಕೇಳಿ ಬರೆಯುವುದರಲ್ಲಿ ನಿನ್ನಂಥ ಕಿವಿ ಈ ಊರಿನಲ್ಲಿ ನನಗೆ ಇವತ್ತಿಗೂ ಸಿಕ್ಕಿಲ್ಲ.

ನಿನ್ನ ತಮ್ಮ,
ಜಿಲ್ಬೆರ್


ನಿಯೋರ್
೧೬ ಮಾರ್ಚ್ ೧೯೮೮

ಜಿಲ್ಬೆರ್,

ನಿನ್ನ ಲಕೋಟೆ ಬಂದಾಗ ಮೊಗೆಟ್ ಕಾಳು ಒಲೆಯ ಮೇಲಿತ್ತು. ಓದುತ್ತಾ ನಿಂತೆ, ಕಾಳು ತಳ ಹಿಡಿಯಿತು. ನಿನ್ನ ಕಾಗದ ಬಂದರೆ ಈ ಮನೆಯಲ್ಲಿ ಏನಾದರೊಂದು ಸೀಯುತ್ತದೆ.

ನೀನು ಬರೆಯುವ ತನಕ ನಿನ್ನ ಸುದ್ದಿ ನನಗೆ ಗೊತ್ತಿಲ್ಲ ಅಂದುಕೊಳ್ಳಬೇಡ. ಇಲ್ಲಿ ನಿನ್ನಿಂದ ತಪ್ಪಿಸಿಕೊಳ್ಳುವ ದಾರಿಯೇ ಇಲ್ಲ. ಗುರುವಾರದ ಪೊಲೀಸ್ ಧಾರಾವಾಹಿಗೆ ನೀನು, ಭಾನುವಾರದ ಸಿನಿಮಾಕ್ಕೆ ನೀನು, ಹವಾಮಾನ ವರದಿಗೆ ನೀನು, ಮೊಸರಿನ ಜಾಹೀರಾತಿಗೂ ನೀನೇ. ಕಳೆದ ವಾರ ಮಾಂಸದಂಗಡಿಯ ಮೇಡಂ ಗಾಬೋರಿ ನನ್ನ ಕೈಗೆ ಪೊಟ್ಟಣ ಕೊಡುತ್ತಾ ಅಂಗಡಿ ತುಂಬಾ ಕೇಳುವ ಹಾಗೆ ಕೂಗಿದಳು: "ಅಯ್ಯೋ ಮದಮ್ವಾಸೆಲ್, ನಿಮ್ ತಮ್ಮಂದು ನಿನ್ನೆ ಟೀವೀಲಿ ಮತ್ತೆ ಹಾಕಿದ್ರು! ಆ ಕಿಟಕಿ ಸೀರಿಯಲ್ದು. ಅದ್ರಲ್ಲಿ ಕ್ಲಾರಿನೆಟ್ ಬರತ್ತಲ್ಲ, ಅಲ್ಲಿ ನಂಗೆ ಹಿಂಗ್ ಎದೆಗೆ ಚುಚ್ಚಿದಂಗಾಗತ್ತೆ ನೋಡಿ! ಎಂಥಾ ತಲೆ ರೀ ಅವರ್ದು. ನೀವೂ ಸ್ವಲ್ಪ ಪಿಯಾನೋ ನುಡಿಸ್ತೀರಲ್ವಾ?"

ಸ್ವಲ್ಪ ಪಿಯಾನೋ. ಹೂಂ, ಸ್ವಲ್ಪ ನುಡಿಸುತ್ತೇನೆ. ಮೂವತ್ತೈದು ವರ್ಷದಿಂದ ಪ್ರತಿ ಬುಧವಾರ ಶಾಲೆ ಬಿಡುವಿರುವ ಮಕ್ಕಳ ದಂಡು ನನ್ನ ತರಗತಿಗೆ ಬರುತ್ತದೆ, ನಾನು ಅವಕ್ಕೆ ಸ್ವರಗಳ ಉಕ್ತಲೇಖನ ಹೇಳುತ್ತೇನೆ, ನಾನು ನುಡಿಸಿದ್ದನ್ನು ಅವು ಕೇಳಿ ಬರೆಯಬೇಕು. ಮೂಗು ಒರೆಸುತ್ತೇನೆ. ಅವರ ಅಮ್ಮಂದಿರು ಬಂದು "ಜಿಲ್ಬೆರ್ ಕೋರ್ನಿಯೋ ಅವರ ಅಕ್ಕ ನೀವೇನಾ?" ಎಂದು ಕೇಳುತ್ತಾರೆ. ನನಗೆ ಐವತ್ತನಾಲ್ಕು ತುಂಬಿತು. ಈ ಊರಿನಲ್ಲಿ ನನ್ನ ಹೆಸರು ಆರ್ಲೆಟ್ ಎಂದು ಎಷ್ಟು ಜನಕ್ಕೆ ಗೊತ್ತಿದೆಯೋ ಎಣಿಸಬೇಕು.

ನನ್ನ ಕಿವಿಯನ್ನು ಹೊಗಳಿದ್ದೀಯಲ್ಲ, ಅದು ಬೇಡಿತ್ತು. ಈ ಕಿವಿಯೇ ನನ್ನನ್ನು ಕೆಡಿಸಿದ್ದು ಎಂಬುದು ನಿನಗಿಂತ ಚೆನ್ನಾಗಿ ಯಾರಿಗೂ ಗೊತ್ತಿಲ್ಲ. ನನಗೆ ಐದು ವರ್ಷವಿದ್ದಾಗ ಇಗರ್ಜಿಯ ಗಂಟೆ ಎರಡು ಸ್ವರಗಳ ನಡುವೆ ಸಿಕ್ಕಿಹಾಕಿಕೊಂಡಿದೆ ಎಂದು ಅಪ್ಪನಿಗೆ ಹೇಳಿದ್ದೆನಂತೆ. ಅಮ್ಮ ಬಂದವರಿಗೆಲ್ಲ ಹೇಳುತ್ತಿದ್ದಳು: "ಇವಳಿಗೆ ಕಿವಿ ಇದೆ, ಅವನಿಗೆ ಬಾಯಿ ಇದೆ." ಆಮೇಲೆ ಐವತ್ತೆರಡರಲ್ಲಿ ನಾವಿಬ್ಬರೂ ಒಂದೇ ರೈಲಿನಲ್ಲಿ, ಒಂದೇ ಬುತ್ತಿ ಕಟ್ಟಿಕೊಂಡು ಪ್ಯಾರಿಸ್ಸಿನ ಸಂಗೀತ ಶಾಲೆಯ ಪ್ರವೇಶ ಪರೀಕ್ಷೆಗೆ ಹೋದೆವು. ಆ ಶಾಲೆಯ ಹೆಸರು ಇವತ್ತಿಗೂ ನನ್ನ ಬಾಯಿಗೆ ಬರುವುದಿಲ್ಲ. ಆ ಕೋಣೆಯ ಪಿಯಾನೋ ಎಷ್ಟು ಹಳೆಯದೆಂದರೆ ಅದರ ತಂತಿಗಳೆಲ್ಲ ಅರ್ಧ ಸ್ವರ ಇಳಿದುಹೋಗಿದ್ದವು. ಪರೀಕ್ಷಕ ಒಂದು ಮನೆ ಒತ್ತಿ "ಇದು ಲಾ" ಎಂದ. ಅದು ಲಾ ಸ್ವರ ಅಲ್ಲವೇ ಅಲ್ಲ. ಇದು ನಮ್ಮ ಕಿವಿಗೆ ಇಟ್ಟ ಪರೀಕ್ಷೆ ಎಂದು ನಾನು ತಿಳಿದೆ. ಕೇಳಿಸಿದ್ದನ್ನು ಕೇಳಿಸಿದ ಹಾಗೇ, ಪೂರ್ತಿ ಅರ್ಧ ಸ್ವರ ಕೆಳಗೆ ಬರೆದೆ. ನೀನು, ಸಾಧಾರಣ ಕಿವಿಯವನು, ಅವನು ಹೇಳಿದ ಲಾ ನಂಬಿಕೊಂಡು ಅಲ್ಲಿಂದ ಲೆಕ್ಕ ಹಿಡಿದು ಬರೆದೆ. ನಿನಗೆ ಪ್ರವೇಶ ಸಿಕ್ಕಿತು. ನನ್ನ ಹಾಳೆಯಲ್ಲಿ ಒಂದು ಸ್ವರವೂ ಸರಿ ಇರಲಿಲ್ಲವಂತೆ. ಮರುವರ್ಷ ಅಪ್ಪ ಹಾಸಿಗೆ ಹಿಡಿದರು, ನಾನು ಪುರಸಭೆಯ ಸಂಗೀತ ಶಾಲೆಗೆ ಟೀಚರಾದೆ, ಅಲ್ಲಿಗೆ ಮುಗಿಯಿತು.

ಕೆಟ್ಟ ಕಿವಿಯವನು ಪಾಸಾದ. ಇದನ್ನು ನಾನು ದಿನಕ್ಕೊಂದು ಸಲ ನೆನೆಯುತ್ತೇನೆ. ಸುಳ್ಳು ಹೇಳುವುದಿಲ್ಲ, ಕೆಲವು ದಿನ ಎರಡು ಸಲ.

ಪ್ರತಿಗಳನ್ನು ಬರೆದುಕೊಡುತ್ತೇನೆ. ಈಸ್ಟರ್ ರಜೆಯಿದೆ, ನನಗೆ ಬೇರೆ ಕೆಲಸವೂ ಇಲ್ಲ.

ಆರ್ಲೆಟ್


ಪ್ಯಾರಿಸ್
೨೪ ಮಾರ್ಚ್ ೧೯೮೮

ಅಕ್ಕಾ,

ಒಪ್ಪಿಕೊಂಡೆಯಲ್ಲ, ಅಷ್ಟು ಸಾಕು. ಪರೀಕ್ಷೆಯ ಮಾತನ್ನು ಈಗ ಕೆದಕುವುದು ಬೇಡ. ಮೂವತ್ತಾರು ವರ್ಷವಾಯಿತು. ಆಗ ನನಗೆ ಹದಿನಾರು.

ನನ್ನನ್ನು ನೋಡಿ ನೀನು ಹೊಟ್ಟೆ ಉರಿದುಕೊಳ್ಳುವಂಥದ್ದು ಈಗ ಏನೂ ಉಳಿದಿಲ್ಲ. ಟೀವಿಯಲ್ಲಿ ನೀನು ಕೇಳುತ್ತಿರುವುದೆಲ್ಲ ಹಳೆಯದು. ಹೊಸ ನಿರ್ದೇಶಕರು ನನ್ನನ್ನು ಕರೆದು ಎರಡು ವರ್ಷವಾಯಿತು. ಈಗ ಪಿಟೀಲು ಬೇಡ, ಕೊಳಲು ಬೇಡ, ಒಂದು ಯಂತ್ರವಿದ್ದರೆ ಸಾಕು. ಒಬ್ಬಳು ನಿರ್ಮಾಪಕಿ ಮೊನ್ನೆ ಊಟಕ್ಕೆ ಕರೆದು, ಚೀಸ್ ಬರುವ ಹೊತ್ತಿಗೆ ಹೇಳಿದಳು: "ಜಿಲ್ಬೆರ್, ನಿಮ್ಮ ಮ್ಯೂಸಿಕ್ ತುಂಬಾ ಚೆನ್ನಾಗಿದೆ ಕಣ್ರೀ, ಆದ್ರೆ ಅದು ಕೇಳಿಸತ್ತೆ. ನಮ್ಗೆ ಕೇಳಿಸ್ದೇ ಇರೋ ಥರದ್ದು ಬೇಕು." ನಾನು ಸಿಹಿ ತಿನ್ನದೆ ಎದ್ದು ಬಂದೆ.

ಆದ್ದರಿಂದ ಈ ಜೂನ್ ಹದಿನೇಳು ನನಗೆ ಎಷ್ಟು ಮುಖ್ಯ ಎಂದು ನಿನಗೆ ಅರ್ಥವಾಗಬೇಕು. ಪತ್ರಿಕೆಯವರು ಬರುತ್ತಾರೆ. ಅವರಲ್ಲಿ ಒಬ್ಬನ ಲೇಖನ ಈಗಾಗಲೇ ಬಂದಿದೆ. ನನ್ನ ಹನ್ನೊಂದು ಸಿನಿಮಾ, ಮೂವತ್ತು ಧಾರಾವಾಹಿಗಳನ್ನೆಲ್ಲ ಎರಡು ಸಾಲಿನಲ್ಲಿ ಮುಗಿಸಿ, "ವಾಸ್ಲೇನ್" ಶೀರ್ಷಿಕೆಯಲ್ಲಿ ಕ್ಲಾರಿನೆಟ್ಟಿನ ಎಂಟು ಆವರ್ತದ ಬಗ್ಗೆ ಅರ್ಧ ಪುಟ ಬರೆದಿದ್ದಾನೆ. ಮಿಕ್ಕ ವಾದ್ಯಗಳೆಲ್ಲ ಒಂದು ಮನೆಯಲ್ಲಿ ಕೂತಿರುವಾಗ ಕ್ಲಾರಿನೆಟ್ ಮಾತ್ರ ಹೊರಗೆ ನಿಂತು ಕಿಟಕಿಯಿಂದ ಇಣುಕಿದಂತಿದೆಯಂತೆ. ಅದೊಂದೇ ಸಾಕು ಈ ಮನುಷ್ಯನನ್ನು ನೆನೆಯಲು ಎಂದಿದ್ದಾನೆ. ಹೊಗಳಿಕೆಯೇ, ಆದರೂ ಓದಿ ಮುಗಿಸಿದಾಗ ಬಾಯಿ ಕಹಿಯಾಯಿತು.

ಸಭಾಂಗಣದವರು ಪ್ರತಿಗಳಿಗೆ ಮೇ ಕೊನೆಯ ತನಕ ಕಾಯುತ್ತಾರೆ.

ಜಿಲ್ಬೆರ್


ನಿಯೋರ್
೨೦ ಏಪ್ರಿಲ್ ೧೯೮೮

ಜಿಲ್ಬೆರ್,

ಪಾರ್ಸೆಲ್ ಇವತ್ತು ರೈಲಿಗೆ ಹಾಕಿದ್ದೇನೆ. ಪಿಟೀಲು, ವಿಯೋಲಾ, ಚೆಲ್ಲೋ, ಕೊಳಲು, ಟ್ರಾಂಬೋನ್, ಎಲ್ಲ ಇವೆ. ಶಾಯಿ ಒಣಗಿದ ಮೇಲೆ ಎರಡು ಸಲ ತಾಳೆ ನೋಡಿದ್ದೇನೆ. ಕ್ಲಾರಿನೆಟ್ಟಿನದು ಮಾತ್ರ ಇಲ್ಲ.

ಕಾರಣ ಹೇಳುತ್ತೇನೆ. ನಿನ್ನ ಪೆನ್ಸಿಲಿನ ಕರಡಿನಲ್ಲಿ ಆ ಎಂಟು ಆವರ್ತ ಒಂದು ರೀತಿ ಇದೆ, ಕ್ಯಾಸೆಟ್ಟಿನಲ್ಲಿ ಇನ್ನೊಂದು ರೀತಿ. ಕರಡಿನಲ್ಲಿ ಕ್ಲಾರಿನೆಟ್ ಪಿಟೀಲುಗಳ ಜೊತೆಗೇ ಹೋಗುತ್ತದೆ, ಒಳ್ಳೆಯ ಮನೆತನದ ಹುಡುಗಿಯ ಹಾಗೆ. ಕ್ಯಾಸೆಟ್ಟಿನಲ್ಲಿ ಅರ್ಧ ಸ್ವರ ಕೆಳಗಿದೆ. ಎಂಟೂ ಆವರ್ತ, ಒಂದೂ ಬಿಡದೆ. ಇದನ್ನು ನೀನು ಗಮನಿಸಿಲ್ಲ ಎಂದರೆ ನಾನು ನಂಬುವುದಿಲ್ಲ, ನಿನ್ನ ಕಿವಿ ಸಾಧಾರಣವಾದರೂ ಕಿವುಡಲ್ಲ.

ಯಾವುದನ್ನು ಬರೆಯಲಿ? ನೀನು ಬರೆದದ್ದನ್ನೋ, ಜನ ಕೇಳಿದ್ದನ್ನೋ?

ಆರ್ಲೆಟ್


ಪ್ಯಾರಿಸ್
೨೭ ಏಪ್ರಿಲ್ ೧೯೮೮

ಅಕ್ಕಾ,

ಈ ಪ್ರಶ್ನೆಗೆ ನಾನು ಇಪ್ಪತ್ತೆರಡು ವರ್ಷದಿಂದ ಕಾಯುತ್ತಿದ್ದೆ. ಆವತ್ತು ಸ್ಟುಡಿಯೋದಲ್ಲಿ ಏನಾಯಿತು ಎಂದು ನಿನಗೆ ಯಾವತ್ತೂ ಹೇಳಿಲ್ಲ. ಈಗ ಹೇಳುತ್ತೇನೆ.

ನನ್ನ ಮೊದಲ ಧ್ವನಿಮುದ್ರಣ. ನಲವತ್ತು ವಾದಕರು, ಅವರಲ್ಲಿ ಅರ್ಧಕ್ಕರ್ಧ ನಮ್ಮಪ್ಪನ ವಯಸ್ಸಿನವರು. ಗಾಜಿನ ಆಚೆ ನಿರ್ದೇಶಕ ದೆಲೋರ್ಮ್ ಸಿಗರೇಟು ಸುಡುತ್ತಾ ಕೂತಿದ್ದ. ನಿನ್ನ ಪ್ರತಿಗಳನ್ನು ಹಂಚಿ, ಒಂದು ಸಲ ನುಡಿಸಿ ನೋಡಿದೆವು. ಕ್ಲಾರಿನೆಟ್ಟಿನ ಮುದುಕ, ಮೊಸ್ಯೂ ಬುಷಾರ್, ಎಂಟನೇ ಆವರ್ತ ಮುಗಿಯುತ್ತಲೂ ವಾದ್ಯವನ್ನು ತೊಡೆಯ ಮೇಲಿಟ್ಟುಕೊಂಡು ಕೈಯೆತ್ತಿದ.

"ತಮ್ಮಾ, ಇಲ್ಲೇನೋ ಎಡವಟ್ಟಾಗಿದೆ. ಪಿಟೀಲಿನವರೆಲ್ಲ ಒಂದೂರಿಗೆ ಹೋಗ್ತಿದಾರೆ, ನಾನೊಬ್ನೇ ಪಕ್ಕದೂರಿಗೆ ಹೋಗ್ತಿದೀನಿ. ಪ್ರತಿ ಬರ್ದೋರು ಯಾರಪ್ಪಾ?"

"ನಮ್ಮಕ್ಕ."

"ನಿಮ್ಮಕ್ಕನಿಗೆ ಕ್ಲಾರಿನೆಟ್‌ಗೆ ಸ್ವರ ಸರಿಸಿ ಬರೀಬೇಕು ಅಂತ ಗೊತ್ತೇನಪ್ಪಾ?"

ಹಿಂದಿನ ಸಾಲಿನವರು ನಕ್ಕರು. ನಾನು ಹೇಳಿದೆ: "ನಮ್ಮಕ್ಕ ತಪ್ಪು ಮಾಡಲ್ಲ ಮೊಸ್ಯೂ. ಬರ್ದಿರೋದನ್ನ ನುಡಿಸಿ." ನುಡಿಸಿದರು. ಮುಗಿದಾಗ ದೆಲೋರ್ಮ್ ಗಾಜಿನ ಕೋಣೆಯಿಂದ ಓಡಿಬಂದ. "ಇದೇ! ಇದೇ ನನ್ ಧಾರಾವಾಹಿ! ಹದಿಮೂರು ಕಂತಲ್ಲಿ ನಾನು ಹೇಳಕ್ಕೆ ಒದ್ದಾಡಿದ್ದನ್ನ ಈ ಕ್ಲಾರಿನೆಟ್ಟು ಅರ್ಧ ನಿಮಿಷದಲ್ಲಿ ಹೇಳ್ಬಿಡ್ತಲ್ಲಯ್ಯಾ!" ಎಂದು ನನ್ನ ಎರಡೂ ಕೆನ್ನೆಗೆ ಮುತ್ತಿಟ್ಟ. ಅಲ್ಲಿಂದ ಮುಂದಿನದು ನಿನಗೆ ಗೊತ್ತಿದೆ. ಆ ಧಾರಾವಾಹಿಯಿಂದ ಮೊದಲ ಸಿನಿಮಾ, ಅದರಿಂದ ಪ್ರಶಸ್ತಿ, ಅದರಿಂದ ಮಿಕ್ಕದ್ದೆಲ್ಲ.

ನನ್ನ ಕರಡು ಚಪ್ಪೆಯಾಗಿತ್ತು. ನೀನು ಅದನ್ನು ತಿದ್ದಿದೆ, ಒಂದು ಮಾತೂ ಹೇಳದೆ, ಉಡುಗೊರೆಯ ಹಾಗೆ ಕಳಿಸಿದೆ. ನಾನು ಅದನ್ನು ನನ್ನದೆಂದು ಹೇಳಿಕೊಂಡು ಬದುಕಿದೆ. ಇನ್ನು ಬೇಡ. ಕಾರ್ಯಕ್ರಮದ ಪುಸ್ತಿಕೆ ಅಚ್ಚಿಗೆ ಹೋಗುತ್ತಿದೆ. ಅದರಲ್ಲಿ "ವಾಸ್ಲೇನ್ ಮನೆಯ ಕಿಟಕಿ: ಜಿಲ್ಬೆರ್ ಕೋರ್ನಿಯೋ ಮತ್ತು ಆರ್ಲೆಟ್ ಕೋರ್ನಿಯೋ" ಎಂದು ಹಾಕಿಸಿದ್ದೇನೆ.

ಆಗ ಹೇಗೆ ಬರೆದೆಯೋ ಹಾಗೆ ಬರೆ.

ನಿನ್ನ ಜಿಲ್ಬೆರ್


ನಿಯೋರ್
೧೯ ಮೇ ೧೯೮೮

ಜಿಲ್ಬೆರ್,

ಮೂರು ವಾರ ನಿನಗೆ ಬರೆಯಲಿಲ್ಲ. ಬರೆದು ಹರಿದು ಹಾಕಿದ್ದು ಎಷ್ಟೋ. ಒಂದರಲ್ಲಿ ಬರೀ "ಸಂತೋಷ, ಬರುತ್ತೇನೆ" ಎಂದು ಬರೆದು, ಅಂಚೆಚೀಟಿಯನ್ನೂ ಅಂಟಿಸಿಟ್ಟಿದ್ದೆ. ಅದನ್ನೇ ಡಬ್ಬಿಗೆ ಹಾಕಿದ್ದರೆ ಎಲ್ಲ ಸುಸೂತ್ರವಾಗಿ ಮುಗಿಯುತ್ತಿತ್ತು.

ಆರ್ಲೆಟ್ ಕೋರ್ನಿಯೋ. ಅಚ್ಚಿನಲ್ಲಿ. ನಿನಗೆ ಇದು ಅಭ್ಯಾಸವಾಗಿದೆ, ನನಗಲ್ಲ. ಮೇಡಂ ಗಾಬೋರಿಯ ಅಂಗಡಿಯಲ್ಲಿ ಆ ಪುಸ್ತಿಕೆಯನ್ನು ಹಣದ ಪೆಟ್ಟಿಗೆಯ ಪಕ್ಕ ಮರೆತ ಹಾಗೆ ಬಿಟ್ಟು ಬರುವುದನ್ನು ನಾನು ಮನಸ್ಸಿನಲ್ಲೇ ಹತ್ತು ಸಲ ಮಾಡಿದೆ. ಎಷ್ಟು ಆಸೆಯಾಯಿತು ಎಂದರೆ ನನಗೇ ನಾಚಿಕೆಯಾಯಿತು.

ಆದರೆ ಕೇಳು. ಅದು ಉಡುಗೊರೆ ಅಲ್ಲ.

ಅರವತ್ತಾರರಲ್ಲಿ ನೀನು ಸ್ವರಲಿಪಿಯ ಜೊತೆ ಒಂದು ಚೀಟಿ ಇಟ್ಟಿದ್ದೆ. "ನಾಲ್ಕೇ ದಿನ ಇದೆ ಅಕ್ಕಾ. ನಿನ್ನ ಬರವಣಿಗೆ ಅಚ್ಚುಕಟ್ಟು, ಇಂಥ ಕೆಲಸಕ್ಕೆ ನೀನೇ ಸರಿ." ನೀನು ಮರೆತಿರುತ್ತೀ, ನಾನು ಮರೆತಿಲ್ಲ. ಇಂಥ ಕೆಲಸಕ್ಕೆ! ನಾನು ಬರೆಯಬೇಕಾಗಿದ್ದ ಸಂಗೀತವನ್ನು ನೀನು ಬರೆಯುವುದು, ನೀನು ಬರೆದದ್ದನ್ನು ನಾನು ಅಚ್ಚುಕಟ್ಟಾಗಿ ನಕಲು ಮಾಡುವುದು. ಅಡುಗೆಮನೆಯ ಮೇಜಿನ ಮೇಲೆ ಮೂರು ದಿನ ಬೆನ್ನು ಬಗ್ಗಿಸಿ ಬರೆದೆ. ಕೊನೆಗೆ ಕ್ಲಾರಿನೆಟ್ಟಿನ ಹಾಳೆ ಬಂತು. ಕ್ಲಾರಿನೆಟ್ಟಿನಲ್ಲಿ ಬರೆದ ಸ್ವರವೊಂದು, ಕೇಳಿಸುವುದು ಇನ್ನೊಂದು, ಹೇಗಿದ್ದರೂ ಸ್ವರಗಳನ್ನು ಸರಿಸಿಯೇ ಬರೆಯಬೇಕು, ಒಂದು ಮೆಟ್ಟಿಲು ಹೆಚ್ಚು ಕಡಿಮೆಯಾದರೆ ನಕಲು ಮಾಡಿದವಳ ಕೈತಪ್ಪು ಅನ್ನುತ್ತಾರೆ. ನಾನು ಬೇಕೆಂದೇ ಅರ್ಧ ಸ್ವರ ಕೆಳಗೆ ಬರೆದೆ. ಎಲ್ಲಿ ಕ್ಲಾರಿನೆಟ್ ಒಂದೇ ಎದ್ದು ಕೇಳಿಸುತ್ತದೋ ಅಲ್ಲಿ, ಎಂಟು ಆವರ್ತ. ಆ ನಲವತ್ತು ಜನರ ಮುಂದೆ ನಿನ್ನ ಮುಖ ಕೆಂಪಾಗಬೇಕು, ಅವರು ನಗಬೇಕು, "ಈ ಹುಡುಗನಿಗೆ ಕಿವಿ ಇಲ್ಲ" ಎಂದು ಒಬ್ಬನಾದರೂ ಹೇಳಬೇಕು. ಇದು ನನಗೆ ಬೇಕಾಗಿತ್ತು. ಒಂದೇ ಒಂದು ದಿನ ನಿನಗೂ ನನ್ನ ಹಾಗೆ ಆಗಲಿ ಎಂದುಕೊಂಡೆ.

ಪಾರ್ಸೆಲ್ ರೈಲು ಹತ್ತಿದ ಮೇಲೆ ಭಯವಾಯಿತು. ಟೆಲಿಗ್ರಾಂ ಕೊಡಲು ಅಂಚೆಕಚೇರಿಗೆ ಹೋದೆ. ಸಾಲಿನಲ್ಲಿ ನಿಂತೆ. ನನ್ನ ಸರದಿ ಬಂದಾಗ ಎರಡು ಅಂಚೆಚೀಟಿ ಕೊಂಡು ವಾಪಸ್ಸಾದೆ.

ಆಮೇಲೆ ನಿನ್ನಿಂದ ಒಂದು ಬೈಗುಳವೂ ಬರಲಿಲ್ಲ. ಧಾರಾವಾಹಿ ಶುರುವಾದ ಗುರುವಾರ ನಮ್ಮ ಮನೆಯಲ್ಲಿ ಟೀವಿ ಇರಲಿಲ್ಲವಲ್ಲ, ಅಮ್ಮನೂ ನಾನೂ ಪಕ್ಕದ ಮನೆಗೆ ಹೋದೆವು. ಶೀರ್ಷಿಕೆ ಬಂತು. ನನ್ನ ಎಂಟು ಆವರ್ತ ಬಂತು, ನಾನು ಕೆಡಿಸಿದ ಹಾಗೇ. ಎಲ್ಲರೂ ತಿನ್ನುವುದನ್ನು ನಿಲ್ಲಿಸಿದರು. ಅಮ್ಮ ಅತ್ತಳು. "ಎಷ್ಟ್ ಚೆನ್ನಾಗಿ ಬರ್ದಿದಾನೆ ನೋಡೇ ನಮ್ ಜಿಲ್ಬೆರ್. ನೀನು ಯಾಕೇ ಹಂಗ್ ಕೂತಿದೀಯಾ? ಸಂತೋಷ ಆಗ್ಲಿಲ್ವಾ?" ನಾನು ಸೀದ ಹಾಲಿನ ವಾಸನೆ ಬರುತ್ತಿದೆ ಎಂದು ಹೇಳಿ ಎದ್ದುಹೋದೆ. ಯಾವ ಹಾಲೂ ಸೀದಿರಲಿಲ್ಲ. ನಿನಗೆ ಬೈಗುಳ ಬೀಳಲಿ ಎಂದು ಕಳಿಸಿದ್ದು ಹಾರವಾಗಿ ಬಿತ್ತಲ್ಲ ಎಂದು ನನ್ನ ಹೊಟ್ಟೆ ಉರಿದುಹೋಯಿತು. ಇಪ್ಪತ್ತೆರಡು ವರ್ಷದಿಂದ ಆ ಎಂಟು ಆವರ್ತವನ್ನು ಜನ ಗುನುಗುತ್ತಾರೆ, ನಿನ್ನನ್ನು ಹೊಗಳುತ್ತಾರೆ. ಅದು ನನ್ನದು ಎಂದು ಕೂಗಲೂ ಆಗದು, ಕೂಗಿದರೆ ಅದು ಏನೆಂದೂ ಹೇಳಬೇಕಾಗುತ್ತದೆ.

ಈಗ ಹೇಳಿದ್ದೇನೆ. ನನ್ನ ಹೆಸರನ್ನು ಪುಸ್ತಿಕೆಯಿಂದ ತೆಗೆಸು. ಕೇಡು ಬಗೆದವಳಿಗೆ ಯಾರೂ ಹೂವು ಕೊಡುವುದಿಲ್ಲ.

ಆರ್ಲೆಟ್


ಪ್ಯಾರಿಸ್
೨೮ ಮೇ ೧೯೮೮

ಅಕ್ಕಾ,

ಹಿಂದಿನ ಕಾಗದದಲ್ಲಿ ಸ್ಟುಡಿಯೋದ ಕಥೆ ಬರೆದೆನಲ್ಲ, ಅದು ಸಂದರ್ಶನ ಮಾಡುವವರಿಗೆ ಹೇಳಲೆಂದು ಕಟ್ಟಿಟ್ಟುಕೊಂಡಿದ್ದ ಕಥೆ. ನಡೆದದ್ದೆಲ್ಲ ಹಾಗೇ ನಡೆಯಿತು, ಆದರೆ ಒಳಗಿನದನ್ನು ಹೇಳಿರಲಿಲ್ಲ. ನೀನು ನಿನ್ನದನ್ನು ಹೇಳಿದ ಮೇಲೆ ನಾನು ಸುಮ್ಮನಿದ್ದರೆ ಆಗುವುದಿಲ್ಲ.

ನೀನು ಉಡುಗೊರೆ ಕಳಿಸಿದೆ ಎಂದು ನಾನು ಒಂದು ಕ್ಷಣವೂ ಅಂದುಕೊಂಡಿರಲಿಲ್ಲ. ಬುಷಾರ್ ಮೊದಲ ಸ್ವರ ಊದಿದಾಗಲೇ ನನಗೆ ಗೊತ್ತಾಯಿತು. ಅರ್ಧ ಸ್ವರ, ಅದೂ ಕೆಳಗೆ. ಐವತ್ತೆರಡರ ಅದೇ ಅರ್ಧ ಸ್ವರ. ಅಕ್ಕನಿಗೆ ಗೊತ್ತಾಗಿದೆ ಎಂದುಕೊಂಡೆ.

ಏನು ಗೊತ್ತಾಗಿದೆ ಎಂದು ಕೇಳುತ್ತೀಯಲ್ಲವೇ? ಹೇಳುತ್ತೇನೆ.

ಆ ಪರೀಕ್ಷೆಯಲ್ಲಿ ನಾನು ನಿನ್ನ ಹಿಂದಿನ ಸಾಲಿನಲ್ಲಿದ್ದೆ. ಮೊದಲ ಉಕ್ತಲೇಖನ ಮುಗಿದು ಎರಡನೆಯದು ಶುರುವಾಗುವ ಮುಂಚೆ ಪರೀಕ್ಷಕ ಕಿಟಕಿ ಮುಚ್ಚಲು ಎದ್ದುಹೋದ. ನೀನು ಕೆಳಗೆ ಬಿದ್ದ ಪೆನ್ಸಿಲ್ ಎತ್ತಿಕೊಳ್ಳಲು ಬಗ್ಗಿದೆ. ನಿನ್ನ ಹಾಳೆ ನನ್ನ ಕಣ್ಣೆದುರಿಗೇ ಇತ್ತು. ಎಲ್ಲವೂ ಅರ್ಧ ಸ್ವರ ಕೆಳಗೆ. ನನಗೆ ಕಾರಣವೂ ಹೊಳೆಯಿತು, ನಮ್ಮ ಮನೆಯಲ್ಲಿ ಇಗರ್ಜಿಯ ಗಂಟೆಯ ಕಥೆ ಎಷ್ಟು ಸಲ ಕೇಳಿದ್ದೆ. ಬರೆದದ್ದನ್ನು ತಿದ್ದಲು ಇನ್ನೂ ಹೊತ್ತಿತ್ತು. ಮಾತಾಡುವುದೂ ಬೇಕಿರಲಿಲ್ಲ. ನಾವು ಇಗರ್ಜಿಯ ಗಾಯಕರ ಗುಂಪಿನಲ್ಲಿದ್ದಾಗ ನಾನು ತಪ್ಪಿದರೆ ನೀನು ಒಂದು ಸಲ ಕೆಮ್ಮುತ್ತಿದ್ದೆಯಲ್ಲ, ಹಾಗೆ ಕೆಮ್ಮಿದ್ದರೆ ಸಾಕಿತ್ತು. ನೀನು ತಿರುಗಿ ನೋಡುತ್ತಿದ್ದೆ, ತಿದ್ದಿಕೊಳ್ಳುತ್ತಿದ್ದೆ.

ನಾನು ಕೆಮ್ಮಲಿಲ್ಲ.

ಹದಿನಾರು ವರ್ಷ ಮನೆಯಲ್ಲಿ "ಅವಳಿಗೆ ಕಿವಿ, ಅವಳಿಗೆ ಕಿವಿ" ಎಂದು ಕೇಳಿ ಕೇಳಿ ನನಗೆ ಸಾಕಾಗಿತ್ತು. ನನ್ನ ಸಂಗೀತವನ್ನು ಅಪ್ಪ ಒಂದು ದಿನವೂ ನಿಂತು ಕೇಳಿದವರಲ್ಲ. ಒಂದು ಸಲ, ಒಂದೇ ಸಲ, ನೀನಿಲ್ಲದ ಕಡೆ ನಾನಿರಬೇಕು ಎಂದು ಆಸೆಯಾಯಿತು. ನೀನು ನನ್ನ ಮೇಲೆ ಹೊಟ್ಟೆಕಿಚ್ಚು ಪಟ್ಟದ್ದು ಮೂವತ್ತಾರು ವರ್ಷ. ನಾನು ನಿನಗಿಂತ ಮೊದಲು ಶುರುಮಾಡಿದವನು.

ಅದಕ್ಕೇ ಸ್ಟುಡಿಯೋದಲ್ಲಿ "ನುಡಿಸಿ" ಎಂದೆ. ಹಾಳೆ ತಿದ್ದಲು ಐದು ನಿಮಿಷ ಸಾಕಾಗಿತ್ತು. ತಿದ್ದಲಿಲ್ಲ. ಅಕ್ಕ ಶಿಕ್ಷೆ ಕಳಿಸಿದ್ದಾಳೆ, ತಗೊಳ್ಳೋಣ, ಎಲ್ಲರೂ ನಗಲಿ, ದೆಲೋರ್ಮ್ ನನ್ನನ್ನು ಓಡಿಸಲಿ, ಅಲ್ಲಿಗೆ ಸರಿಹೋಗುತ್ತದೆ ಎಂದುಕೊಂಡೆ. ಅವನು ಓಡಿಬಂದು ಮುತ್ತು ಕೊಟ್ಟ. ನನಗೆ ಅಳು ಬಂತು, ಎಲ್ಲರೂ ಸಂತೋಷಕ್ಕೆ ಅಂದುಕೊಂಡರು.

ಆಮೇಲೆ ಹನ್ನೊಂದು ಸಿನಿಮಾ ಬರೆದೆ. ಪ್ರತಿಯೊಂದರಲ್ಲೂ ಅಂಥ ಎಂಟು ಆವರ್ತ ಬರೆಯಲು ಒದ್ದಾಡಿದೆ, ಒಂದರಲ್ಲೂ ಆಗಲಿಲ್ಲ. ಹೊಟ್ಟೆಕಿಚ್ಚಿನಲ್ಲೂ ನೀನು ನನಗಿಂತ ಚೆನ್ನಾಗಿ ಬರೆದೆ ಕಣೇ ಅಕ್ಕಾ. ಆ ಲೇಖನ ಓದಿ ಬಾಯಿ ಕಹಿಯಾದದ್ದು ಅದಕ್ಕೇ.

ಪುಸ್ತಿಕೆ ಇನ್ನೂ ಅಚ್ಚಾಗಿಲ್ಲ. ನಿನ್ನ ಹೆಸರು ತೆಗೆಸುವುದಿಲ್ಲ. ಕಾರ್ಯಕ್ರಮ ಶುರುವಾಗುವ ಮುಂಚೆ ನಾನು ಎದ್ದುನಿಂತು ಎರಡು ಮಾತಾಡಬೇಕಂತೆ. ಏನು ಹೇಳಲಿ ಎಂದು ನೀನೇ ಹೇಳು. ಉತ್ತರ ಬರೆಯದಿದ್ದರೂ ನಾನು ಏನೂ ಅಂದುಕೊಳ್ಳುವುದಿಲ್ಲ.

ಜಿಲ್ಬೆರ್


ನಿಯೋರ್
೯ ಜೂನ್ ೧೯೮೮

ಜಿಲ್ಬೆರ್,

ನಿನ್ನ ಕಾಗದ ಓದಿದ ದಿನ ನೀನು ಎದುರಿಗಿದ್ದಿದ್ದರೆ ಕೈಯಲ್ಲಿದ್ದುದನ್ನು ಎಸೆಯುತ್ತಿದ್ದೆ. ಕೈಯಲ್ಲಿ ಲೀಕ್ ಸೊಪ್ಪಿನ ಕಟ್ಟಿತ್ತು, ನೀನು ಬದುಕುತ್ತಿದ್ದೆ. ಮರುದಿನ ಬುಧವಾರ. ತರಗತಿಯಲ್ಲಿ ಪಿಯಾನೋದ ಮುಂದೆ ಕೂತು ಲಾ ಒತ್ತಿದೆ, ಮುಂದಕ್ಕೆ ಹೋಗಲಾಗಲಿಲ್ಲ. ಮಕ್ಕಳು ಪೆನ್ಸಿಲ್ ಹಿಡಿದು ಕಾಯುತ್ತಿದ್ದವು. ಮುಂದಿನ ಬೆಂಚಿನ ಹುಡುಗಿಯೊಬ್ಬಳು "ಮದಮ್ವಾಸೆಲ್, ಅಳ್ತಿದೀರಾ?" ಎಂದಳು. "ಹೌದಮ್ಮ, ಬರ್ಕೊಳ್ಳೋದೇನೂ ಬೇಡ" ಎಂದೆ.

ಒಂದು ಕೆಮ್ಮು. ಅಷ್ಟಕ್ಕೆ ನನ್ನ ಇಡೀ ಬದುಕು. ನಿನ್ನನ್ನು ಕ್ಷಮಿಸಿದ್ದೇನೆ ಎಂದು ಬರೆಯುವುದಿಲ್ಲ, ಅಂಥದ್ದೇನೂ ನನಗೆ ಆಗುತ್ತಿಲ್ಲ. ಆದರೆ ಇಷ್ಟು ವರ್ಷ ಒಂದು ಹಾಳು ಪಿಯಾನೋದ ಮೇಲೆ, ಸತ್ತುಹೋದ ಪರೀಕ್ಷಕನ ಮೇಲೆ ಸಿಟ್ಟು ಹಿಡಿದು ಕೂತಿದ್ದೆ. ಈಗ ಸಿಟ್ಟಿಗೆ ಒಂದು ವಿಳಾಸ ಸಿಕ್ಕಿದೆ, ಅದೂ ನನಗೆ ಬಾಯಿಪಾಠವಿರುವ ವಿಳಾಸ. ಇದು ಎಷ್ಟು ಹಗುರ ಅನ್ನಿಸುತ್ತದೆ ಎಂದರೆ ನಿನಗೆ ನಗು ಬರಬಹುದು. ಮತ್ತೆ, ನಿನಗೆ ನನ್ನ ಮೇಲೆ ಹೊಟ್ಟೆಕಿಚ್ಚಿತ್ತು ಎಂಬ ಸಾಲನ್ನು ನಾನು ಎಷ್ಟು ಸಲ ಓದಿದೆ ಎಂದು ಹೇಳುವುದಿಲ್ಲ.

ಕ್ಲಾರಿನೆಟ್ಟಿನ ಪ್ರತಿ ಇದರ ಜೊತೆ ಇದೆ. ಅರ್ಧ ಸ್ವರ ಕೆಳಗೆ, ಎಂಟೂ ಆವರ್ತ. ಮೇ ಮುಗಿದು ತಡವಾಯಿತು, ಒಂದು ಹಾಳೆಗೆ ಸಭಾಂಗಣದವರು ಕಾಯುತ್ತಾರೆ ಬಿಡು.

ಪುಸ್ತಿಕೆಯ ವಿಷಯ. ನನ್ನ ಹೆಸರನ್ನು ನಿನ್ನ ಹೆಸರಿನ ಜೊತೆ ಹಾಕಿಸಬೇಡ, "ಮತ್ತು" ಎಂದು ಮಧ್ಯೆ ಒಂದು ಪದ ಸಿಕ್ಕಿಸಬೇಡ. ಆ ಎಂಟು ಆವರ್ತದ ಮುಂದೆ ಆರ್ಲೆಟ್ ಕೋರ್ನಿಯೋ ಎಂದು ಬೇರೆಯಾಗಿ ಹಾಕಿಸು, ನನ್ನದೊಂದೇ. ಮಿಕ್ಕದ್ದೆಲ್ಲ ನಿನ್ನದು. ಮೂವತ್ತೊಂದನೇ ಆವರ್ತದಲ್ಲಿ ಟ್ರಾಂಬೋನು ಹಸು ಕೂಗಿದ ಹಾಗಿದೆ, ಅವತ್ತೂ ಹಾಗೇ ಇತ್ತು. ಅದನ್ನು ನಾನು ತಿದ್ದಿಲ್ಲ.

ಏನು ಹೇಳಲಿ ಎಂದು ಕೇಳಿದ್ದೀ. ಆ ಎಂಟು ಆವರ್ತ ಯಾರದು, ಹೇಗೆ ಬಂತು ಎಂದು ಹೇಳು. ನನ್ನ ಕೇಡನ್ನೂ ಹೇಳು, ನಿನ್ನದನ್ನೂ ಹೇಳು. ಪತ್ರಿಕೆಯವರು ಬರೆದುಕೊಳ್ಳಲಿ.

ಹದಿನೇಳರ ಬೆಳಗಿನ ರೈಲಿಗೆ ಹೊರಡುತ್ತೇನೆ. ನನಗೆ ಮುಂದಿನ ಸಾಲಿನ ಕುರ್ಚಿ ಬೇಡ. ನೀನು ಮುಂದೆ ಕೂತುಕೋ, ನಿನ್ನ ಹಿಂದಿನ ಕುರ್ಚಿ ನನಗಿರಲಿ. ಮಾತಾಡುವಾಗ ನೀನು ಎಲ್ಲಾದರೂ ತಪ್ಪಿದರೆ ನಾನು ಕೆಮ್ಮುತ್ತೇನೆ.

ನಿನ್ನ ಅಕ್ಕ,
ಆರ್ಲೆಟ್